ಮಗಳಿಗೊಂದು ಪತ್ರ: ಆ 23ನೇ ರೌಂಡ್

ಕಲಬುರಗಿ
ಭಾನುವಾರ ರಾತ್ರಿ

ಪ್ರೀತಿಯ ಮಗಳಿಗೆ,

ಅಪ್ಪನ ಆಶೀರ್ವಾದಗಳು. ನಾವೆಲ್ಲ ಇಲ್ಲಿ ಆರಾಮ ಇದ್ದೇವೆ. ಬಿಸಿಲು ಮಾತ್ರ ಜಾಸ್ತಿ. ಅಜ್ಜಿ ಮಧ್ಯಾಹ್ನ ಹೊರಗೆ ಕಾಲಿಡುತ್ತಿಲ್ಲ. ನಿನ್ನ ಅವ್ವ ನಿನಗಂತ ಶೇಂಗಾ ಹಿಂಡಿ ಕುಟ್ಟಿ ಡಬ್ಬಿ ತುಂಬಿಸಿ ಇಟ್ಟಿದ್ದಾಳೆ.

ಕಂಪ್ಯೂಟರಿನಲ್ಲಿ ಗನ್ ಹಿಡಿದು ಐವರಿಗೆ ಐವರು ಆಡುವ ಆ ವ್ಯಾಲೊರಂಟ್ ಆಟದ ಮ್ಯಾಚ್ ಸೋತು ನಿನ್ನೆ ಫೋನಿನಲ್ಲಿ ನೀನು ಅತ್ತುಬಿಟ್ಟೆ. "ನನ್ನಿಂದಲೇ ಸೋತೆವು, ಇನ್ನು ಆಡೋದೇ ಬೇಡ ಅಪ್ಪಾ" ಅಂದೆ. ಆಗ ಏನು ಹೇಳಬೇಕೋ ನನಗೆ ತೋಚಲಿಲ್ಲ. ಫೋನ್ ಇಟ್ಟ ಮೇಲೆ ನೀನು ಕಳಿಸಿದ್ದ ರೆಕಾರ್ಡಿಂಗ್ ಹಚ್ಚಿಕೊಂಡು ಕೂತೆ. ಎರಡು ಸಲ ಪೂರ್ತಿ ನೋಡಿದೆ. ಮೂರನೇ ಸಲ ಮಿಲ್ಲಿನಿಂದ ತಂದಿದ್ದ ಹಳೆ ಖಾತೆ ಪುಸ್ತಕ ತೆಗೆದು ಒಂದೊಂದು ರೌಂಡಿಗೂ ಒಂದೊಂದು ಸಾಲು ಬರೆದುಕೊಂಡೆ. ಅದನ್ನೆಲ್ಲ ಫೋನಿನಲ್ಲಿ ಹೇಳಹೋದರೆ ಅರ್ಧಕ್ಕೇ ಮಾತು ತಪ್ಪುತ್ತದೆ. ಕಾಗದವಾದರೆ ನೀನು ಮತ್ತೆ ಓದಬಹುದು, ಟೀಮಿನ ಹುಡುಗಿಯರಿಗೂ ತೋರಿಸಬಹುದು.

ಮೊದಲೇ ಹೇಳಿಬಿಡುತ್ತೇನೆ. ನಿನ್ನ ಕೈಯಲ್ಲಿ ಏನೂ ಕೊರತೆ ಇಲ್ಲ. 24 ರೌಂಡಿಗೆ 22 ಕಿಲ್, ಟೀಮಿನಲ್ಲಿ ಎಲ್ಲರಿಗಿಂತ ಜಾಸ್ತಿ. ಆದರೂ ಮ್ಯಾಚ್ 11–13ಕ್ಕೆ ಹೋಯಿತು. ಯಾಕೆ ಅಂತ ಹುಡುಕುತ್ತಾ ಹೋದರೆ ನನ್ನ ಪುಸ್ತಕದ ಸಾಲು ಸಾಲಿನಲ್ಲೂ ಒಂದೇ ಪದ ಬಂದಿದೆ: ಅವಸರ.

23ನೇ ರೌಂಡ್ ನೋಡು. ಸ್ಕೋರ್ 11–11. ಅಸೆಂಟ್ ಅನ್ನೋ ಮ್ಯಾಪ್, ನೀವು ಅಟ್ಯಾಕ್, ಅಂದರೆ ಬಾಂಬ್ ಇಡುವ ಕಡೆಯವರು. ಬಾಂಬ್ ಇಡುವ ಜಾಗಗಳಲ್ಲಿ ಒಂದಾದ ಬಿ ಸೈಟಿನಲ್ಲಿ ಸ್ಪೈಕ್, ಅಂದರೆ ಆಟದ ಬಾಂಬ್, ಪ್ಲಾಂಟ್ ಆಗಿದೆ. ನೀವು ಮೂವರು ಉಳಿದಿದ್ದೀರಿ, ಅವರು ಇಬ್ಬರು. ಗೆದ್ದೇ ಬಿಟ್ಟಿದ್ದ ರೌಂಡ್ ಅಲ್ವಾ? ಆಗ ನೀನು ಏನು ಮಾಡಿದೆ? ಅವರನ್ನು ಹುಡುಕಿಕೊಂಡು ಮ್ಯಾಪಿನ ನಡುಭಾಗ ಮಿಡ್ ಕಡೆ ಓಡಿದೆ. ಸತ್ತೆ. ನಿನ್ನ ಹಿಂದೆ ಇನ್ನೊಬ್ಬಳು ಬಂದಳು, ಅವಳೂ ಸತ್ತಳು. ಮೂರಕ್ಕೆ ಎರಡು ಇದ್ದದ್ದು ಒಂದಕ್ಕೆ ಎರಡಾಯಿತು.

ಸ್ಪೈಕ್ ಪ್ಲಾಂಟ್ ಆದ ಮೇಲೆ ಸಿಡಿಯೋಕೆ 45 ಸೆಕೆಂಡ್. ಅದನ್ನು ಸಿಡಿಯದ ಹಾಗೆ ಡಿಫ್ಯೂಸ್ ಮಾಡೋಕೆ ಅವರಿಗೆ ಪೂರಾ 7 ಸೆಕೆಂಡ್ ಬೇಕು. ಅಂದರೆ 38 ಸೆಕೆಂಡ್ ಮುಗಿಯುವುದರೊಳಗೆ ಅವರು ಸ್ಪೈಕ್ ಮುಟ್ಟಲೇಬೇಕು. ಎಲ್ಲಿಗೆ ಬರುತ್ತಾರೆ ಅಂತ ನಿನಗೆ ಗೊತ್ತು. ಯಾವಾಗ ಬರಬೇಕು ಅಂತಲೂ ಗೊತ್ತು. ನೀನು ಎಲ್ಲಿದ್ದೀಯ ಅಂತ ಅವರಿಗೆ ಗೊತ್ತಿಲ್ಲ. ಇಂಥ ಅನುಕೂಲ ಕೈಯಲ್ಲಿರುವಾಗ ನಾವೇ ಎದ್ದು ಅವರ ಬಳಿ ಹೋಗಬಾರದು ತಾಯಿ. ಒಬ್ಬಳು ಸೈಟಿಗೆ ಬರುವ ದಾರಿ ಬಿ ಮೇನ್‌ನಲ್ಲಿ, ಇನ್ನೊಬ್ಬಳು ಸೈಟಿನ ಹಿಂದೆ. ಇಬ್ಬರನ್ನೂ ಒಂದೇ ನೋಟದಲ್ಲಿ ಅವರು ನೋಡೋಕೆ ಆಗಬಾರದು. ಸುಮ್ನೆ ನಿಂತರೆ ಸಾಕಿತ್ತು.

ಇದರಲ್ಲೇ ಇನ್ನೊಂದು ಮಾತು. ಡಿಫ್ಯೂಸ್ ಶಬ್ದ ಕೇಳಿದ ಕೂಡಲೇ ನೀನು ಹೊರಗೆ ಜಿಗಿಯುತ್ತೀಯ. 19ನೇ ರೌಂಡಿನಲ್ಲಿ ಹಾಗೇ ಆಯಿತು. ಅವರು ಬರೀ ಮುಟ್ಟಿ ಬಿಟ್ಟರು, ನೀನು ಬಂದೆ, ಅವರು ಕಾಯ್ದಿದ್ದು ಹೊಡೆದರು. ಶಬ್ದ ಬಂದರೆ ಮನಸ್ಸಿನಲ್ಲಿ ಒಂದು, ಎರಡು ಅಂತ ಎಣಿಸು. ನಿಂತುಹೋದರೆ ಅದು ನಿನ್ನನ್ನು ಕರೆಯೋಕೆ ಮಾಡಿದ್ದು. ನಿಲ್ಲದಿದ್ದರೆ ಆಗ ಪೀಕ್ ಮಾಡು, ಇಣುಕಿ ಹೊಡೆ. ಆದರೆ ಮೂರು ಸೆಕೆಂಡಿನ ಮೇಲೆ ಕಾಯಬೇಡ. ಮೂರೂವರೆ ಸೆಕೆಂಡಿಗೆ ಆದ ಅರ್ಧ ಡಿಫ್ಯೂಸ್, ಅವರು ಕೈ ಬಿಟ್ಟರೂ ಹಾಗೇ ಉಳಿದುಕೊಂಡುಬಿಡುತ್ತದೆ. ಆಮೇಲೆ ಬಂದವನಿಗೆ ಇನ್ನು ಮೂರೂವರೆಯೇ ಸಾಕು. ಈ ಎಣಿಕೆ ಬಾಯಿಪಾಠ ಆಗಬೇಕು. ನೀನು ಎರಡನೇ ಕ್ಲಾಸಿನಲ್ಲಿ ಮಗ್ಗಿ ಹೇಳುತ್ತಿದ್ದೆಯಲ್ಲ, ಹಾಗೆ.

ನನಗೆ ಈ ಕಾಯುವ ಪಾಠ ಕಲಿಸಿದ್ದು ಸೂಪರ್ ಮಾರ್ಕೆಟ್ ಹತ್ತಿರದ ಒಂದು ಸೈಬರ್ ಕೆಫೆ. 2004ರಲ್ಲಿ ನಾನು ಬಿ.ಕಾಂ. ಓದುತ್ತಿದ್ದೆ. ಆಗ ನಮ್ಮೂರು ಇನ್ನೂ ಗುಲ್ಬರ್ಗಾ. ಇಂಥದ್ದೇ ಆಟ ಕೌಂಟರ್ ಸ್ಟ್ರೈಕ್ 1.6 ಆಡೋಕೆ ತಾಸಿಗೆ ಇಷ್ಟು ಅಂತ ದುಡ್ಡು ಕೊಟ್ಟು ಹತ್ತು ಹುಡುಗರು ಒಂದೇ ಕೋಣೆಯಲ್ಲಿ ಕೂರುತ್ತಿದ್ದೆವು. ಅಲ್ಲಿಗೆ ಬರುತ್ತಿದ್ದ ಒಬ್ಬ ದೊಡ್ಡ ಹುಡುಗನ ಕೈ ನಮ್ಮೆಲ್ಲರಿಗಿಂತ ನಿಧಾನ. ಆದರೂ ಕೊನೆಯಲ್ಲಿ ಉಳಿಯುತ್ತಿದ್ದವನು ಅವನೇ. ಡಸ್ಟ್ 2 ಮ್ಯಾಪಿನಲ್ಲಿ ಬಾಂಬ್ ಇಟ್ಟ ಮೇಲೆ ಅವನು ಮೌಸ್ ಅಲುಗಿಸುತ್ತಲೇ ಇರಲಿಲ್ಲ. ಹೆಡ್‌ಫೋನ್ ಕಿವಿಗೆ ಒತ್ತಿಕೊಂಡು ಹೆಜ್ಜೆ ಸಪ್ಪಳ ಕೇಳುತ್ತಿದ್ದ. 2020ರ ಜೂನ್‌ನಲ್ಲಿ ವ್ಯಾಲೊರಂಟ್ ಬಂದಾಗ ನೀನು ನಾನು ಹಾಲ್‌ನ ಕಂಪ್ಯೂಟರ್ ಮುಂದೆ ಸರದಿ ಹಚ್ಚಿ ಕೂರುತ್ತಿದ್ದೆವಲ್ಲ, ಆಗಲೂ ನನಗೆ ಆ ಹುಡುಗನೇ ನೆನಪಾಗುತ್ತಿದ್ದ. ಓಡಿದರೆ ಸಪ್ಪಳ ಆಗುತ್ತದೆ, ಶಿಫ್ಟ್ ಒತ್ತಿ ನಡೆದರೆ ಆಗುವುದಿಲ್ಲ. ಇಷ್ಟು ಗೊತ್ತಿದ್ದೂ ನೀನು ಪ್ರತಿ ರೌಂಡ್ ಶುರುವಾದ ಕೂಡಲೇ ಓಡುತ್ತೀಯ. ಎದುರಿನವರಿಗೆ ನಾವೇ ಸುದ್ದಿ ಮುಟ್ಟಿಸಿದ ಹಾಗೆ ಅದು.

ಈಗ ದುಡ್ಡಿನ ಲೆಕ್ಕ. ತೊಗರಿ ಬೇಳೆ ಮಿಲ್ಲಿನಲ್ಲಿ ಇಷ್ಟು ವರ್ಷ ಲೆಕ್ಕ ಬರೆದವನು ನಾನು. ನನಗೆ ಎಲ್ಲಕ್ಕಿಂತ ಜಾಸ್ತಿ ಸಂಕಟ ಆಗಿದ್ದು ಇಲ್ಲೇ.

ಮೊದಲ ಅರ್ಧದಲ್ಲಿ ನೀವು 8–4 ಮುಂದಿದ್ದಿರಿ. ಸೈಡ್ ಬದಲಾಯಿತು. ಎಲ್ಲರ ಕೈಗೂ ಮತ್ತೆ 800 ಕ್ರೆಡಿಟ್, ಗನ್ ಕೊಳ್ಳುವ ಆಟದ ದುಡ್ಡು. 13ನೇದು ಪಿಸ್ತೂಲ್ ರೌಂಡ್, ಸೋತಿರಿ. ಅದೇನೂ ದೊಡ್ಡದಲ್ಲ, ಎಲ್ಲರೂ ಸೋಲುತ್ತಾರೆ. ಸೋತವರಿಗೆ 1900 ಸಿಗುತ್ತದೆ. ಇನ್ನೊಂದು ಸೋತರೆ 2400. ಮೂರನೇ ಸೋಲಿನಿಂದ 2900. ಕಿಲ್ಲಿಗೆ ಸಿಗುವ 200, ಪ್ಲಾಂಟಿಗೆ ಸಿಗುವ 300 ಪಕ್ಕಕ್ಕಿಡು. 14ನೇ ರೌಂಡಿನಲ್ಲಿ ಐವರೂ ಕೈ ಬಿಗಿ ಹಿಡಿದಿದ್ದರೆ, ಆ ರೌಂಡ್ ಸೋತರೂ 15ಕ್ಕೆ ಕೈಯಲ್ಲಿ 4300. ವ್ಯಾಂಡಲ್ ರೈಫಲ್ 2900, ಮೈ ಕಾಯುವ ಹೆವಿ ಶೀಲ್ಡ್ 1000, ಒಟ್ಟು 3900. ಮೇಲೆ 400 ಉಳಿದು ಹೊಗೆ ಹಬ್ಬಿಸುವ ಸ್ಮೋಕ್, ಕಣ್ಣು ಕುಕ್ಕುವ ಫ್ಲ್ಯಾಶ್ ಕೂಡ ಬರುತ್ತಿತ್ತು. ನೀನು ಮತ್ತು ಇನ್ನೊಬ್ಬಳು ತಡೆಯಲಾರದೆ 1600 ಕೊಟ್ಟು ಸ್ಪೆಕ್ಟರ್ ಅನ್ನೋ ಸಣ್ಣ ಗನ್ ಕೊಂಡಿರಿ. ಉಳಿದದ್ದು 300. ಆ ರೌಂಡೂ ಹೋಯಿತು. 300ಕ್ಕೆ 2400 ಸೇರಿದರೆ 2700. ವ್ಯಾಂಡಲ್‌ಗೇ 200 ಕಡಿಮೆ, ಶೀಲ್ಡಿನ ಮಾತು ದೂರ. 15ನೇ ರೌಂಡಿನಲ್ಲಿ ಮೂವರ ಕೈಯಲ್ಲಿ ರೈಫಲ್, ಇಬ್ಬರ ಕೈಯಲ್ಲಿ ಸಣ್ಣ ಗನ್. 8–4 ಇದ್ದದ್ದು ನೋಡನೋಡುತ್ತಲೇ 8–7 ಆಯಿತು.

ಬಿತ್ತನೆ ಬೀಜ ತಿಂದು ಹಸಿವು ನೀಗಿಸಿಕೊಂಡ ಹಾಗೆ ಆಯಿತಲ್ಲ ಇದು. ಕೊಂಡರೆ ಐವರೂ ಕೊಳ್ಳಿ. ಉಳಿಸಿದರೆ ಐವರೂ ಉಳಿಸಿ. ಒಬ್ಬಳ ಹತ್ತಿರ 7000 ಇದ್ದು ಇನ್ನೊಬ್ಬಳ ಹತ್ತಿರ 1500 ಇದ್ದರೆ, ಇದ್ದವಳು ಇಲ್ಲದವಳಿಗೆ ಗನ್ ಕೊಡಿಸಲಿ. ಮುಂದಿನ ರೌಂಡಿಗೆ ಕಡಿಮೆ ಅಂದರೂ ಎಷ್ಟು ಉಳಿಯುತ್ತದೆ ಅಂತ ಕೊಳ್ಳುವ ಪರದೆಯಲ್ಲೇ ಕಾಣುತ್ತದೆ. ಅದನ್ನು ನೋಡದೆ ಒಂದು ರೂಪಾಯಿಯೂ ಖರ್ಚು ಮಾಡಬೇಡಿ. ಐವರಲ್ಲಿ ಒಬ್ಬಳಿಗೆ ಈ ಲೆಕ್ಕ ವಹಿಸಿ, ಅವಳು ಹೇಳಿದ್ದನ್ನು ಉಳಿದವರು ಕೇಳಿ. ಅದು ನೀನಾಗಬೇಕು ಅಂತಿಲ್ಲ. ನಿನಗೆ ಒಳಗೆ ನುಗ್ಗುವ ಕೆಲಸವೇ ಸಾಕಷ್ಟಿದೆ.

ನುಗ್ಗುವ ಮಾತು ಬಂತು. ನೀನು ಆಡುವ ಪಾತ್ರ ಜೆಟ್. ಮೊದಲು ಒಳಗೆ ಹೋಗೋದು ನಿನ್ನ ಕೆಲಸವೇ, ಅದು ತಪ್ಪಲ್ಲ. ಆದರೆ ನನ್ನ ಪುಸ್ತಕದಲ್ಲಿ ನೀನು 17 ಸಲ ಸತ್ತಿದ್ದೀಯ. ಅದರಲ್ಲಿ 9 ಸಲ ನಿನ್ನ ಹಿಂದೆ ಯಾರೂ ಇಲ್ಲ. 5 ಸಲ ರೌಂಡ್ ಶುರುವಾಗಿ ಇನ್ನೂ 20 ಸೆಕೆಂಡ್ ಆಗಿಲ್ಲ. ಒಂದು ರೌಂಡಿಗೆ 100 ಸೆಕೆಂಡ್ ಇರುತ್ತದೆ ಮಗಳೇ. ಐದಕ್ಕೆ ನಾಲ್ಕಾಗಿ ಉಳಿದ 80 ಸೆಕೆಂಡ್ ಆಡೋದು ನಿನ್ನ ಗೆಳತಿಯರು.

ಸ್ಕೂಲಿನಲ್ಲಿ ನೀನು ಖೋ ಖೋ ಆಡುತ್ತಿದ್ದೆ. ಅಟ್ಟಿಸುತ್ತಿದ್ದವಳು ಖೋ ಅನ್ನುವಷ್ಟರಲ್ಲಿ ನೀನು ಎದ್ದು ಓಡುತ್ತಿದ್ದೆ. ಒಂದು ಗಳಿಗೆ ತಡವಾದರೂ ಎದುರಿನವಳು ಕಂಬ ಸುತ್ತಿ ಹೋಗಿಬಿಡುತ್ತಿದ್ದಳು. ಇಲ್ಲಿ ಟ್ರೇಡ್ ಅಂತೀರಲ್ಲ, ಅದೂ ಹಾಗೇ. ನೀನು ಒಳಗೆ ಹೋಗಿ ಬಿದ್ದರೆ, ನಿನ್ನನ್ನು ಹೊಡೆದವನು ಗನ್ ತಿರುಗಿಸುವ ಮೊದಲೇ ಹಿಂದಿನವಳು ಅವನನ್ನು ಹೊಡೆಯಬೇಕು. ಹಾಗಾದರೆ ನೀನು ಸತ್ತದ್ದೂ ನಷ್ಟವಲ್ಲ, ನಾಲ್ಕಕ್ಕೆ ನಾಲ್ಕು. ಅದಕ್ಕೆ ಅವಳು ನಿನ್ನಿಂದ ಎರಡು ಮೂರು ಹೆಜ್ಜೆ ದೂರದಲ್ಲಿರಬೇಕು. ಅವಳು ಬಂದಳಾ ಅಂತ ಮಿನಿಮ್ಯಾಪ್ ನೋಡು. ಬಾಯಿ ಬಿಟ್ಟು ಕೇಳು. ಸ್ಮೋಕ್ ಬಿತ್ತಾ, ಫ್ಲ್ಯಾಶ್ ಹೋಯಿತಾ, ಹಿಂದೆ ಯಾರಿದ್ದಾರೆ? ಮೂರಕ್ಕೂ ಹೂಂ ಅಂದ ಮೇಲೆ ಹಾರು. ಆಗ ಎಷ್ಟು ಬೇಕಾದರೂ ಜೋರಾಗಿ ಹಾರು.

ಬೀದರ ಕೋಟೆಗೆ ಹೋಗಿದ್ದೆವು, ನೆನಪಿದೆಯಾ? ಬಾಗಿಲು ದಾಟಿದರೆ ದಾರಿ ನೇರ ಹೋಗೋದೇ ಇಲ್ಲ, ಬಾಗುತ್ತದೆ. "ಯಾಕೆ ಹೀಗೆ ಕಟ್ಟಿದ್ದಾರೆ" ಅಂತ ನೀನೇ ಕೇಳಿದ್ದೆ. ನುಗ್ಗಿ ಬರುವವನಿಗೆ ತಿರುವಿನ ಆಚೆ ಯಾರಿದ್ದಾರೆ ಅಂತ ಕಾಣಬಾರದು, ಆನೆಗೂ ಓಡಿ ಬಂದು ಬಾಗಿಲಿಗೆ ಗುದ್ದೋಕೆ ಜಾಗ ಸಿಗಬಾರದು, ಅದಕ್ಕೆ ಅಂತ ಹೇಳಿದ್ದೆ. ಬಹಮನಿ ಅರಸರಿಗೆ ಗೊತ್ತಿದ್ದ ಆ ವಿದ್ಯೆಯೇ ನೀನಾಡುವ ಮ್ಯಾಪಿನ ಮೂಲೆ ಮೂಲೆಯಲ್ಲೂ ಇದೆ. ತಿರುವಿಗೆ ಅಂಟಿಕೊಂಡು ಹೋದರೆ ನಿನ್ನ ಭುಜ ಮೊದಲು ಅವರಿಗೆ ಕಾಣುತ್ತದೆ. ಗೋಡೆಯಿಂದ ದೂರ ಸರಿದು, ರೊಟ್ಟಿಯನ್ನು ತುಂಡು ತುಂಡಾಗಿ ಮುರಿದ ಹಾಗೆ, ಆ ಮೂಲೆಯನ್ನು ಸ್ವಲ್ಪ ಸ್ವಲ್ಪವೇ ತೆರೆಯುತ್ತಾ ಹೋಗು. ಒಂದು ಸಲಕ್ಕೆ ಒಂದೇ ಜಾಗ ನಿನ್ನೆದುರು ಇರಲಿ. ಮೂರು ಕಡೆಯಿಂದ ಕಾಣುವ ಬಯಲಿಗೆ ಒಮ್ಮೆಲೇ ಹೋಗಿ ನಿಲ್ಲಬೇಡ.

ಗುರಿಯ ಗುರುತು ಕ್ರಾಸ್‌ಹೇರ್ ಬಗ್ಗೆ ನಿನಗೆ ಹೇಳೋದು ಬೇಕಿಲ್ಲ, ತಲೆಯ ಎತ್ತರದಲ್ಲೇ ಇರುತ್ತದೆ. ದಣಿದಾಗ ಮಾತ್ರ ನೆಲಕ್ಕೆ ಇಳಿಯುತ್ತದೆ. 20ನೇ ರೌಂಡಿನ ನಂತರ ನೋಡು, ಗೊತ್ತಾಗುತ್ತದೆ. ಓಡುತ್ತಾ ಹೊಡೆಯೋದೂ ಆಗಲೇ ಶುರುವಾಗಿದೆ. ನಿಂತು ಹೊಡೆದ ಒಂದು ಗುಂಡು ಸಾಕು. ವ್ಯಾಂಡಲ್‌ನ ಗುಂಡು ತಲೆಗೆ ಬಿದ್ದರೆ ಎಷ್ಟು ದೂರದಲ್ಲಿದ್ದರೂ 160 ಅಂಕದ ಪೆಟ್ಟು. ಪೂರ್ತಿ ಶೀಲ್ಡ್ ಹಾಕಿದವನ ಹತ್ತಿರ ಜೀವ, ಶೀಲ್ಡ್ ಎರಡೂ ಸೇರಿ ಇರೋದೇ 150.

ಇನ್ನೊಂದು ವಿಷಯ. ಇದನ್ನು ಬರೆಯುವಾಗ ನನಗೆ ಕೈ ನಡುಗುತ್ತದೆ. ಒಬ್ಬಳೇ ರ‍್ಯಾಂಕ್ಡ್ ಆಡುವಾಗ, ಅಪರಿಚಿತರ ಜೊತೆ ಸೇರಿದಾಗ, ನಿನ್ನ ದನಿ ಕೇಳಿದ ಕೂಡಲೇ ಕೆಲವರು ಕೆಟ್ಟದಾಗಿ ಮಾತಾಡುತ್ತಾರೆ ಅಂತ ನೀನೇ ಹೇಳಿದ್ದೆ. ಅದಕ್ಕೆ ನೀನು ಮೈಕ್ ಹಾಕೋದನ್ನೇ ಬಿಟ್ಟಿದ್ದೀಯ. ಆ ಮೌನ ಈಗ ಟೀಮ್ ಮ್ಯಾಚಿನಲ್ಲೂ ಬಂದಿದೆ. 23ನೇ ರೌಂಡಿನಲ್ಲಿ ನೀನು ಮಿಡ್‌ಗೆ ಹೋಗುತ್ತಿದ್ದೀಯ ಅಂತ ಯಾರಿಗೂ ಹೇಳಲಿಲ್ಲ. ಹಾಗೆ ಮಾತಾಡಿದವರನ್ನು ಅಲ್ಲೇ ಮ್ಯೂಟ್ ಮಾಡು, ರಿಪೋರ್ಟ್ ಮಾಡು, ಉತ್ತರ ಕೊಡಬೇಡ. ಆದರೆ ನಿನ್ನ ಗೆಳತಿಯರ ಜೊತೆ ಬಾಯಿ ತೆರೆ. ಉದ್ದ ಮಾತು ಬೇಡ. "ಬಿ ಮೇನ್ ಇಬ್ಬರು", "ನಾನು ಸತ್ತೆ, ಅವನು ಮಾರ್ಕೆಟ್‌ನಲ್ಲಿ". ಅಷ್ಟು ಸಾಕು. ನಿನ್ನ ದನಿ ಅವರಿಗೆ ಬೇಕು.

ನೀನು ಹಾಸ್ಟೆಲ್ ವೈಫೈನಲ್ಲಿ ಆಡುತ್ತಿದ್ದೀಯ ಅಂತ ನೆಟ್ ಎಷ್ಟು ತಡ ಅಂತ ತೋರಿಸುವ ಪಿಂಗ್ ನೋಡಿದರೇ ಗೊತ್ತಾಗುತ್ತದೆ. ಕೇಬಲ್ ಕಳಿಸುತ್ತೇನೆ, ಹದಿನೈದು ಮೀಟರಿಂದು.

ಆಡೋದು ಬಿಡುವ ಮಾತಿಗೆ ನಾನು ಒಂದೇ ಕೇಳುತ್ತೇನೆ. ಬಿಡುವ ಮೊದಲು 2022ರ ನವೆಂಬರ್‌ನಲ್ಲಿ ಬರ್ಲಿನ್‌ನಲ್ಲಿ ನಡೆದ ಗೇಮ್ ಚೇಂಜರ್ಸ್ ಫೈನಲ್ ಒಮ್ಮೆ ನೋಡು. ಮಹಿಳಾ ಆಟಗಾರರಿಗಾಗಿ ನಡೆಸಿದ ಮೊದಲ ವ್ಯಾಲೊರಂಟ್ ವಿಶ್ವ ಚಾಂಪಿಯನ್‌ಶಿಪ್ ಅದು. ಜಿ2 ಗೋಜೆನ್ ತಂಡ ಮೊದಲ ಎರಡು ಮ್ಯಾಪ್ ಸೋತಿತ್ತು. ಇನ್ನೊಂದು ಸೋತಿದ್ದರೆ ಮುಗಿಯುತ್ತಿತ್ತು. ಮುಂದಿನ ಮೂರನ್ನೂ ಗೆದ್ದು ಕಪ್ ಎತ್ತಿದರು. ಗೆದ್ದ ಮ್ಯಾಪುಗಳನ್ನಷ್ಟೇ ನೋಡಬೇಡ. ಸೋತ ಎರಡನ್ನೂ ನೋಡು. ಅವರು ಯಾವ ರೌಂಡಿನಲ್ಲಿ ದುಡ್ಡು ಉಳಿಸಿದರು, ಎಲ್ಲಿ ಕಾದರು ಅಂತ ನನ್ನ ಹಾಗೆ ಒಂದು ಪುಸ್ತಕದಲ್ಲಿ ಬರೆದುಕೋ.

ಮಂಗಳವಾರ ಉದ್ಯಾನ್ ಎಕ್ಸ್‌ಪ್ರೆಸ್‌ಗೆ ನಿಮ್ಮ ಮಾವ ಬೆಂಗಳೂರಿಗೆ ಬರುತ್ತಿದ್ದಾರೆ. ಅವರ ಕೈಯಲ್ಲಿ ಕಟಕ ರೊಟ್ಟಿ, ಶೇಂಗಾ ಹಿಂಡಿ, ಕೇಬಲ್, ಮತ್ತೆ ಆ ಖಾತೆ ಪುಸ್ತಕ ಕಳಿಸುತ್ತೇನೆ. ರೊಟ್ಟಿ ಐವರಿಗೂ ಸಾಕಾಗುವಷ್ಟಿದೆ.

ಅಂದ ಹಾಗೆ, 23ನೇ ರೌಂಡಿನಲ್ಲಿ ಪ್ಲಾಂಟ್ ಆದ ಕೂಡಲೇ ಬಿ ಸೈಟಿನ ಪಕ್ಕದ ಮಾರ್ಕೆಟ್ ಬಾಗಿಲು ಮುಚ್ಚಿದ್ದು ಯಾರು? ಅದನ್ನು ಒಡೆದು ಬರಬೇಕಾದರೆ ಅವರು ಸದ್ದು ಮಾಡಲೇಬೇಕಿತ್ತು. ತುಂಬಾ ಒಳ್ಳೆ ಯೋಚನೆ ಅದು. ಯಾರೇ ಆಗಿರಲಿ, ಅಪ್ಪ ಹೇಳಿದರು ಅಂತ ಅವಳಿಗೆ ಶಹಬ್ಬಾಸ್ ಹೇಳು. ಶನಿವಾರ ರಾತ್ರಿ ಒಂಬತ್ತಕ್ಕೆ ನಾನು ಆನ್‌ಲೈನ್ ಇರುತ್ತೇನೆ. ಕಸ್ಟಮ್ ರೂಮ್ ಹಾಕು. ನಾನು ಸ್ಪೈಕ್ ಡಿಫ್ಯೂಸ್ ಮಾಡೋಕೆ ಬರುತ್ತೇನೆ, ನೀನು ಕಾಯಿ.

ನಿನ್ನ ಅಪ್ಪ