ಈ ಸಲ ಕ್ಯಾಮೆರಾ ತರಬೇಡ

ಬಳ್ಳಾರಿ

ಚಿರಂಜೀವಿ ಅಳಿಯನಿಗೆ ಸೋದರಮಾವನ ಆಶೀರ್ವಾದಗಳು.

ಮನೋರೋಗಿಗಳನ್ನು ಊರು ದೂರವಿಡುವುದನ್ನು ಕುರಿತು ಸಾಕ್ಷ್ಯಚಿತ್ರ ತೆಗೆಯಬೇಕೆಂದಿರುವೆ, ಸರಪಳಿ ಹಾಕಿ ಕೂಡಿಟ್ಟ ಮನೆಗಳನ್ನು ನಾನು ತೋರಿಸಬೇಕಂತೆ ಎಂದು ನಿನ್ನ ಅವ್ವ ಹೇಳಿದಳು. ಅದಕ್ಕೂ ಮೊದಲು ನಾನು ಇದುವರೆಗೆ ಮನೆಯಲ್ಲಿ ಯಾರಿಗೂ ಹೇಳದ ಒಂದು ಸಂಗತಿಯನ್ನು ನೀನು ಕೇಳಬೇಕು.

1980ರ ದಶಕದಲ್ಲಿ ನಿಮ್ಹಾನ್ಸ್‌ನವರು ನಮ್ಮ ಬಳ್ಳಾರಿ ಜಿಲ್ಲೆಯನ್ನು ಆರಿಸಿಕೊಂಡು, ಪ್ರಾಥಮಿಕ ಆರೋಗ್ಯ ಕೇಂದ್ರಗಳ ವೈದ್ಯರಿಗೂ ನನ್ನಂಥ ಆರೋಗ್ಯ ಸಹಾಯಕರಿಗೂ ಮನೋರೋಗ ಗುರುತಿಸುವ ತರಬೇತಿ ಕೊಟ್ಟು, ಗುಳಿಗೆ ಊರಿನ ಸಮೀಪದಲ್ಲೇ ಸಿಗುವಂತೆ ಮಾಡಿದ್ದು ನಿನಗೆ ಗೊತ್ತಿದೆ. 1996ರಲ್ಲಿ ಆರಂಭವಾದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ಅದೇ ಮಾದರಿಯಾಯಿತು. ಆಗ ನನ್ನ ಪಾಲಿನ ಹಳ್ಳಿಯೊಂದರಲ್ಲಿ ದನದ ಕೊಟ್ಟಿಗೆಯ ಕಂಬಕ್ಕೆ ಕಟ್ಟಿದ್ದ ಹೆಣ್ಣುಮಗಳೊಬ್ಬಳಿದ್ದಳು. ಗಾಣಗಾಪುರದ ಗುಡಿಗೂ ಹುಲಿಗಿಯ ಗುಡಿಗೂ ಕರೆದೊಯ್ದು ಸೋತಿದ್ದ ಮನೆಯವರು, ತಾವು ಹೊಲಕ್ಕೆ ಹೋದಾಗ ಆಕೆ ಎತ್ತಲಾದರೂ ಹೊರಟುಹೋದಾಳೆಂಬ ಭಯದಿಂದ ಕಟ್ಟುತ್ತಿದ್ದರು. ಅವರನ್ನು ಕಟುಕರೆಂದು ಚಿತ್ರಿಸಿದರೆ ನಿನ್ನ ಚಿತ್ರ ಸುಳ್ಳಾಗುತ್ತದೆ. ಪತ್ರಿಕೆಯೊಂದರ ಛಾಯಾಗ್ರಾಹಕನನ್ನು ಆ ಕೊಟ್ಟಿಗೆಗೆ ಕರೆದೊಯ್ದವನು ನಾನೇ. ಲೋಕಕ್ಕೆ ತಿಳಿಯಲೆಂದು ಮಾಡಿದೆ. ಗುಳಿಗೆ ಹಿಡಿದು ಆರೇಳು ತಿಂಗಳಿಗೆ ಆಕೆ ರೊಟ್ಟಿ ಬಡಿದು, ಹತ್ತಿ ಬಿಡಿಸಬಲ್ಲಷ್ಟು ಸುಧಾರಿಸಿದಳು. ಆದರೆ ಫೋಟೋ ನೋಡಿದ ಊರವರು ಕೂಲಿಗೆ ಕರೆಯಲಿಲ್ಲ, ಮಗಳಿಗೆ ನಿಶ್ಚಯವಾಗಿದ್ದ ಮದುವೆಯ ಸಂಬಂಧವೂ ಮುರಿಯಿತು. "ನನ್ನನ್ನ ಒಂದು ಮಾತು ಕೇಳಬೇಕಿತ್ತಲ್ರಿ" ಎಂದಷ್ಟೇ ಆಕೆ ಅಂದಳು.

2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ ಸರಪಳಿಯನ್ನು ನಿಷೇಧಿಸುವುದರ ಜೊತೆಗೆ, ಆಸ್ಪತ್ರೆಯಲ್ಲಿ ಚಿಕಿತ್ಸೆ ಪಡೆಯುತ್ತಿರುವವರ ಚಿತ್ರವನ್ನು ಅವರ ಒಪ್ಪಿಗೆಯಿಲ್ಲದೆ ಮಾಧ್ಯಮಕ್ಕೆ ಕೊಡಬಾರದೆಂದೂ ಹೇಳುತ್ತದೆ. ಮನೆಗಳಿಗೆ ಹೋದಾಗಲೂ ಆ ನಿಯಮವನ್ನೇ ಪಾಲಿಸು. ಅಣ್ಣನೋ ಗಂಡನೋ ಹೂಂ ಅಂದರೆ ಸಾಲದು. ರೋಗ ಉಲ್ಬಣಿಸಿದ್ದಾಗ ಪಡೆದ ಒಪ್ಪಿಗೆಯನ್ನು ನಾನು ಒಪ್ಪಿಗೆಯೆಂದು ಎಣಿಸುವುದಿಲ್ಲ. ಚೇತರಿಸಿಕೊಂಡ ಮೇಲೆ ಮತ್ತೆ ಕೇಳು, ಸಂಕಲನ ಮುಗಿದಾಗ ಅವರ ಮನೆಯಲ್ಲೇ ಕೂತು ತೋರಿಸಿ ಇನ್ನೊಮ್ಮೆ ಕೇಳು. ಬೇಡವೆಂದರೆ ಆ ಭಾಗವನ್ನು ತೆಗೆದುಹಾಕು, ಅದೆಷ್ಟೇ ಚೆನ್ನಾಗಿ ಬಂದಿದ್ದರೂ.

ಸರಪಳಿಗಿಂತ ಅದು ಬಿಚ್ಚಿದ ಮೇಲಿನ ದಿನಗಳನ್ನು ಚಿತ್ರಿಸು ಎಂಬುದು ನನ್ನ ಆಸೆ. ಗುಣವಾಗಿ ಬಂದವನಿಗೆ ಚಹಾದಂಗಡಿಯಲ್ಲಿ ಬೇರೆ ಲೋಟ ಇಡುತ್ತಾರೆ. ಕಟ್ಟೆಯ ಮೇಲೆ ಅವನು ಕೂತರೆ ಪಕ್ಕದವರು ಸರಿಯುತ್ತಾರೆ. ಹೊಲದ ಪಾಲು ಕೇಳಿದರೆ ತಲೆ ಸರಿಯಿಲ್ಲದವನಿಗೆ ಹೊಲವೇಕೆಂದು ಒಡಹುಟ್ಟಿದವರೇ ಅನ್ನುತ್ತಾರೆ. ತಿಂಗಳ ಗುಳಿಗೆಗೆಂದು ಒಂದು ದಿನದ ಕೂಲಿ ಬಿಟ್ಟು ಬಸ್ಸು ಹತ್ತುವ ತಾಯಂದಿರೊಂದಿಗೆ ನೀನೂ ಪ್ರಯಾಣ ಮಾಡು, ಗುಳಿಗೆ ಯಾಕೆ ನಿಂತುಹೋಗುತ್ತದೆಂದು ಅಲ್ಲಿ ತಿಳಿಯುತ್ತದೆ.

ಯುಗಾದಿ ಕಳೆದ ಮೇಲೆ ಬಾ. ಈ ಸಲ ಕ್ಯಾಮೆರಾ ತರಬೇಡ. ಆಕೆ ಈಗಲೂ ಅದೇ ಊರಿನಲ್ಲಿದ್ದಾಳೆ, ನಾನೇ ಕರೆದೊಯ್ಯುತ್ತೇನೆ, ನೀನೇ ಆಕೆಯನ್ನು ಕೇಳು. ಒಲ್ಲೆನೆಂದರೆ ಆಕೆ ಮಾಡಿಕೊಟ್ಟ ಚಹಾ ಕುಡಿದು ಬರೋಣ.

ನಿನ್ನ ಸೋದರಮಾವ