ತೋಟ ಮಾರಬೇಡಿ ಅಪ್ಪ

ಮೆಕ್ಸಿಕೋ ಸಿಟಿ
ಭಾನುವಾರ ಮಧ್ಯಾಹ್ನ

ಅಪ್ಪ, ಅಮ್ಮನಿಗೆ ನಮಸ್ಕಾರ.

ನಾನು ಚೆನ್ನಾಗಿದ್ದೇನೆ. ಅಜ್ಜಿಯ ಮಂಡಿನೋವು ಕಡಿಮೆ ಆಯ್ತಾ? ಸುಬ್ಬಣ್ಣ ಫೋಟೋ ತೆಗೆದು ಕಳಿಸಿದ ನಿಮ್ಮ ಪತ್ರ ಸಿಕ್ಕಿತು. ಫೋನ್ ಬಿಟ್ಟು ಅಪ್ಪ ಪೆನ್ನು ಹಿಡಿದಿದ್ದಾರೆ ಅಂದರೆ ವಿಷಯ ದೊಡ್ಡದೇ ಅಂತ ಓದುವ ಮೊದಲೇ ಹೆದರಿದೆ. ನಿಮಗೂ ನಮಗೂ ಹನ್ನೊಂದೂವರೆ ಗಂಟೆ ವ್ಯತ್ಯಾಸ. ಆಗ ನೀವು ಮಲಗಿರುತ್ತೀರಿ ಅಂತ ಫೋನ್ ಮಾಡಲಿಲ್ಲ.

ನಮ್ಮ ರಾಘು ಸೀರಿಯಲ್ ಕೆಲಸ ಬಿಡುತ್ತಾನೆ, ಸಿನಿಮಾ ನಿರ್ದೇಶನ ಮಾಡುತ್ತಾನೆ, ಅದಕ್ಕೆ ಹೊಳೆಬದಿಯ ತೋಟ ಮಾರಬೇಕು. ಮೂರನ್ನೂ ಒಂದೇ ಸಾಲಿನಲ್ಲಿ ಬರೆದಿದ್ದೀರಿ. ಆದರೆ ಇವು ಮೂರೂ ಬೇರೆ ಬೇರೆ ವಿಷಯ ಅಪ್ಪ. ಸಿನಿಮಾ ಮಾಡಲಿ. ಸೀರಿಯಲ್ ಬಿಡೋದು ಬೇಡ. ತೋಟದ ಮಾತಂತೂ ಬೇಡವೇ ಬೇಡ.

ಇಲ್ಲಿ ಡಿಯೆಗೋ ಲೂನಾ ಅಂತ ಒಬ್ಬ ನಟ ಇದ್ದಾನೆ. ಹುಟ್ಟಿದ್ದು 1979ರಲ್ಲಿ. ಅವನಿಗೆ ಎರಡು ವರ್ಷ ಆಗಿದ್ದಾಗ ತಾಯಿ ಕಾರು ಅಪಘಾತದಲ್ಲಿ ತೀರಿಕೊಂಡರು. ಅಮ್ಮ, ಇದನ್ನು ಕೇಳಿ ನೀವು ಮರುಗುತ್ತೀರಿ ಅಂತ ಗೊತ್ತು. ತಂದೆ ಅಲೆಹಾಂದ್ರೋ ಲೂನಾ ನಾಟಕಗಳಿಗೆ ರಂಗಸಜ್ಜಿಕೆ ಮಾಡುವುದರಲ್ಲಿ ದೊಡ್ಡ ಹೆಸರು ಮಾಡಿದ್ದರು. ಹಾಗಾಗಿ ಹುಡುಗ ಬೆಳೆದದ್ದೇ ರಂಗಮಂದಿರದಲ್ಲಿ. ರಾಘು ಹೆಗ್ಗೋಡಿನಲ್ಲಿ ಪರದೆಯ ಹಿಂದೆ ಹೋಗಿ ಕೂರುತ್ತಿದ್ದನಲ್ಲ, ಹಾಗೆ. ಆಮೇಲೆ ಟಿವಿ. 1992ರ ಒಂದು ಧಾರಾವಾಹಿಯಲ್ಲಿ ಅವನೂ ಗೆಳೆಯ ಗಾಯೆಲ್ ಗಾರ್ಸಿಯಾ ಬೆರ್ನಾಲ್‌ನೂ ಇದ್ದರು. ಇಬ್ಬರೂ ಆಗ ಹುಡುಗರು. 2001ರಲ್ಲಿ ಇಬ್ಬರೂ ಸೇರಿ ನಟಿಸಿದ ಸಿನಿಮಾಕ್ಕೆ ವೆನಿಸ್ ಚಿತ್ರೋತ್ಸವದಲ್ಲಿ ಹೊಸ ನಟರಿಗೆ ಕೊಡುವ ಪ್ರಶಸ್ತಿ ಒಟ್ಟಿಗೇ ಬಂತು.

ಅಷ್ಟು ಹೆಸರು ಬಂದ ಮೇಲೆ ಅವನು ಏನು ಮಾಡಿದ ಅನ್ನೋದನ್ನು ರಾಘುಗೆ ಓದಿ ಹೇಳಿ. 2005ರಲ್ಲಿ ಗೆಳೆಯರು ಸೇರಿ ಒಂದು ಸಣ್ಣ ನಿರ್ಮಾಣ ಕಂಪನಿ ಕಟ್ಟಿದರು. ಅದೇ ವರ್ಷ ಡಾಕ್ಯುಮೆಂಟರಿಗಳನ್ನು ಊರೂರಿಗೆ ಒಯ್ದು ತೋರಿಸುವ ಉತ್ಸವ ಶುರು ಮಾಡಿದರು. ಡಿಯೆಗೋ ನಿರ್ದೇಶಿಸಿದ ಮೊದಲ ಉದ್ದದ ಚಿತ್ರವೂ ಡಾಕ್ಯುಮೆಂಟರಿಯೇ. ಹೂಲಿಯೋ ಸೇಸರ್ ಚಾವೆಸ್ ಅನ್ನುವ ಇಲ್ಲಿನ ಬಾಕ್ಸರ್ ಬಗ್ಗೆ, 2007ರಲ್ಲಿ. ಕಥೆಯ ಸಿನಿಮಾಕ್ಕೆ ಕೈ ಹಾಕಿದ್ದು ಅದಾದ ಮೇಲೆ. ಅದೇ 2010ರ ‘ಆಬೆಲ್’.

ಹೋದ ವಾರ ಗೆಳತಿಯ ಮನೆಯಲ್ಲಿ ಅದನ್ನು ನೋಡಿದೆ. ಅಪ್ಪ ಮನೆ ಬಿಟ್ಟು ಹೋದ ಮೇಲೆ ಮಾತು ನಿಲ್ಲಿಸಿದ ಚಿಕ್ಕ ಹುಡುಗ, ಒಂದು ದಿನ ತಾನೇ ಮನೆಯ ಯಜಮಾನನ ಹಾಗೆ ನಡೆದುಕೊಳ್ಳುತ್ತಾನೆ. ಮನೆಯವರೂ ಅವನಿಗೆ ನೋವಾಗದಿರಲಿ ಅಂತ ಹೂಂ ಅನ್ನುತ್ತಾರೆ. ನನಗೆ ಕಣ್ಣಲ್ಲಿ ನೀರು ಬಂತು. ಒಂದು ಮನೆ, ನಾಲ್ಕು ಜನ, ಒಂದು ಒಳ್ಳೆಯ ಕಥೆ. ರಾಘು ಹೇಳುವ ಫೈಟು, ಕ್ರೇನು ಯಾವುದೂ ಇಲ್ಲ.

ಅಪ್ಪನಿಗೆ ಇಷ್ಟವಾಗುವುದು ಅವನ 2014ರ ಸಿನಿಮಾ. ಕ್ಯಾಲಿಫೋರ್ನಿಯಾದ ದ್ರಾಕ್ಷಿ ತೋಟದ ಕೂಲಿಗಳಿಗಾಗಿ ಹೋರಾಡಿದ ಸೀಸರ್ ಚಾವೆಸ್ ಕಥೆ, ಇವರು ಆ ಬಾಕ್ಸರ್ ಅಲ್ಲ, ಬೇರೆಯವರು. ಈ ಚಾವೆಸ್ ನಮ್ಮ ಗಾಂಧಿಯನ್ನು ನೋಡಿ ಕಲಿತವರು. 1968ರಲ್ಲಿ 25 ದಿನ ಉಪವಾಸ ಮಾಡಿದ್ದರು.

ಇಷ್ಟೆಲ್ಲ ಮಾಡುವಾಗಲೂ ಅವನು ನಟನೆ ಬಿಡಲಿಲ್ಲ ಅಪ್ಪ. 2016ರಲ್ಲಿ ಅವನು ನಿರ್ದೇಶಿಸಿದ ಸಣ್ಣ ಚಿತ್ರವೂ ಬಂತು, ಹಾಲಿವುಡ್‌ನ ಸ್ಟಾರ್ ವಾರ್ಸ್ ಸಾಲಿನ ದೊಡ್ಡ ಸಿನಿಮಾದಲ್ಲಿ ಪಾತ್ರವೂ ಬಂತು. ಅದೇ ಪಾತ್ರ ಹಿಡಿದು 2022ರಲ್ಲಿ ಮತ್ತೆ ಸೀರಿಯಲ್‌ಗೇ ಬಂದ. ಸೀರಿಯಲ್ ಅಂದರೆ ಕೀಳು ಅಂತ ರಾಘು ತಿಳಿಯೋದು ಬೇಡ. ತಿಂಗಳು ತಿಂಗಳು ಬರುವ ಸಂಬಳ ಅದು.

ಅದಕ್ಕೇ ನಾನು ಹೇಳೋದು, ಮೊದಲು ನಮ್ಮ ಮೇಳದ ಭಾಗವತರ ಮೇಲೆ ಅವನೊಂದು ಡಾಕ್ಯುಮೆಂಟರಿ ಮಾಡಲಿ. ಶೂಟಿಂಗ್ ಇಲ್ಲದ ದಿನ ಮಾಡಬಹುದಲ್ವಾ. ಕ್ಯಾಮೆರಾ ಬಾಡಿಗೆ, ಎಡಿಟಿಂಗ್ ಖರ್ಚು ನಾನು ಕೊಡುತ್ತೇನೆ. ಅಜ್ಜ ನೆಟ್ಟ ಅಡಿಕೆ ಮರ ಇನ್ನೊಬ್ಬರ ಪಾಲಾಗಬಾರದು. ಆ ದಲ್ಲಾಳಿಗೆ ಮುಂಗಡ ಏನಾದರೂ ತೆಗೆದುಕೊಂಡಿದ್ದರೆ ನಾಳೆಯೇ ವಾಪಸ್ ಕೊಡಿ.

ನನ್ನ ಬಗ್ಗೆ ಚಿಂತೆ ಬೇಡ. ಕೆಲಸ ಗಟ್ಟಿ ಇದೆ. ಊಟ ಜಾಸ್ತಿಯೇ ಆಗಿದೆ. ಜೋಳದ ರೊಟ್ಟಿಯ ಹಾಗೆಯೇ ಇಲ್ಲಿ ಮುಸುಕಿನ ಜೋಳದ ರೊಟ್ಟಿ, ಕಾವಲಿಯ ಮೇಲೆ ಬೇಯಿಸುತ್ತಾರೆ. ಮಾವಿನಹಣ್ಣಿಗೆ ಖಾರದಪುಡಿ ಹಾಕಿ ತಿನ್ನುತ್ತಾರೆ, ಅಮ್ಮ ನಂಬಲಿಕ್ಕಿಲ್ಲ. ಹೋಟೆಲಿನಲ್ಲಿ ಗುರುತಿಲ್ಲದವರೂ ನನ್ನ ತಟ್ಟೆ ನೋಡಿ ಚೆನ್ನಾಗಿ ಊಟ ಮಾಡಿ ಅಂತ ಹರಸಿ ಹೋಗುತ್ತಾರೆ. ಟಿವಿಯಲ್ಲಿ ತೋರಿಸುವ ಗಲಾಟೆ ನಮ್ಮ ಬೀದಿಯಲ್ಲಿ ಇಲ್ಲ. ಭೂಕಂಪದ ಸೈರನ್ ಒಂದು ಸಲ ಕೂಗಿತು. ಎಲ್ಲರ ಜೊತೆ ಕೆಳಗೆ ಇಳಿದೆ, ಮತ್ತೆ ಹತ್ತಿದೆ, ಅಷ್ಟೇ. ಏನೂ ಆಗಲಿಲ್ಲ. ನಿಜವಾಗಿಯೂ ಏನೂ ಆಗಲಿಲ್ಲ. ಜ್ವರ ಕೂಡ ಒಂದು ಸಲ ಬಂದಿಲ್ಲ.

ರಾಘುಗೆ ಬೈಯಬೇಡಿ. ಅಮ್ಮ ಬಿಪಿ ಮಾತ್ರೆ ಬಿಡಬೇಡಿ. ಮೋಡ ಕಟ್ಟಿದೆ, ಮಹಡಿ ಮೇಲೆ ಬಟ್ಟೆ ಒಣಗಲು ಹಾಕಿದ್ದೇನೆ, ಓಡಬೇಕು. ರಾತ್ರಿ ಫೋನ್ ಮಾಡುತ್ತೇನೆ, ಎತ್ತಿಕೊಳ್ಳಿ.

ನಿಮ್ಮ,
ಸುಮಾ