ಬೆಲೆ ಕಟ್ಟುವ ಮೊದಲು ಕಣಜ ನೋಡು

ಚಿರಂಜೀವಿ ಮಗುವಿಗೆ ದೊಡ್ಡಪ್ಪನ ಆಶೀರ್ವಾದಗಳು.

ಚರ್ಚಾಸ್ಪರ್ಧೆಗೆಂದು ನೀನು ಬರೆದ ಭಾಷಣ ಓದಿದೆ. ಯುದ್ಧಕಾಲದಲ್ಲಿ ಸರ್ಕಾರ ಬೆಲೆ ನಿಗದಿ ಮಾಡಿದರೆ ಸರಕು ಕಾಳಸಂತೆ ಸೇರುತ್ತದೆ, ಆದ್ದರಿಂದ ಮಾರುಕಟ್ಟೆಗೆ ಕೈ ಹಾಕಲೇಬಾರದು ಎಂದಿದ್ದೀಯೆ. ಮೊದಲ ಮಾತು ಎಷ್ಟೋ ಸಲ ನಿಜವಾಗಿದೆ. ಎರಡನೆಯದನ್ನು ನಾನು ಒಪ್ಪಲಾರೆ. 1943ರ ಬಂಗಾಳದ ಕ್ಷಾಮದ ಕಥೆ ಓದಿದವರು ಅದನ್ನು ಇಷ್ಟು ಸಲೀಸಾಗಿ ಹೇಳಲಾರರು.

1942ರಲ್ಲಿ ಬರ್ಮಾ ಜಪಾನಿನ ವಶವಾಗಿ ಅಲ್ಲಿನ ಅಕ್ಕಿ ಬರುವುದು ನಿಂತಿತು. ಬಂಗಾಳ ಸರ್ಕಾರ ಅಕ್ಕಿಗೆ ಗರಿಷ್ಠ ಬೆಲೆ ಗೊತ್ತುಮಾಡಿತು. ಆದರೆ ಆ ಬೆಲೆಗೆ ಹಂಚಲು ಅದರ ಕೈಯಲ್ಲಿ ಸಾಕಷ್ಟು ದಾಸ್ತಾನಿರಲಿಲ್ಲ. ಆದೇಶ ಹೊರಟದ್ದೇ ತಡ, ಅಕ್ಕಿ ಅಂಗಡಿಗಳಿಂದ ಮರೆಯಾಗತೊಡಗಿತು. ನಿನ್ನ ವಾದಕ್ಕೆ ಇದಕ್ಕಿಂತ ಗಟ್ಟಿ ಸಾಕ್ಷಿ ಬೇಡ, ಧಾರಾಳವಾಗಿ ಸೇರಿಸಿಕೋ. ಅಲ್ಲಿಗೇ ನಿಲ್ಲಿಸಬೇಡ, ಅಷ್ಟೇ. 1943ರ ಮಾರ್ಚ್ 11ರಂದು ಆ ಸರ್ಕಾರ ನೀನು ಹೇಳುವುದನ್ನೇ ಮಾಡಿತು. ಅಕ್ಕಿಯ ಸಗಟು ಬೆಲೆಯ ಮೇಲಿನ ನಿಯಂತ್ರಣ ತೆಗೆದುಹಾಕಿತು. ಆ ವಾರ ಕಲ್ಕತ್ತೆಯಲ್ಲಿ ಮಣಕ್ಕೆ, ಅಂದರೆ ಸುಮಾರು 37 ಕಿಲೋಗೆ, 21 ರೂಪಾಯಿ. ಮೇ ತಿಂಗಳಲ್ಲಿ 30 ದಾಟಿತು, ಆಗಸ್ಟ್‌ನಲ್ಲಿ 37 ಮುಟ್ಟಿತು. ಹಳ್ಳಿಯ ಕೂಲಿಯವರ, ಮೀನುಗಾರರ ಸಂಪಾದನೆ ಹಾಗೆ ಏರಲಿಲ್ಲ. ಸತ್ತವರು ಹದಿನೈದು ಲಕ್ಷ ಎಂದು ಸರ್ಕಾರದ ವಿಚಾರಣಾ ಆಯೋಗವೇ ಅಂದಾಜು ಮಾಡಿತು. ನಂತರದ ವಿದ್ವಾಂಸರು ಅದರ ಇಮ್ಮಡಿಯವರೆಗೂ ಹೇಳಿದ್ದಾರೆ.

ಇನ್ನು ಬೊಂಬಾಯಿ. ನಮ್ಮ ಧಾರವಾಡ, ವಿಜಾಪುರಗಳೂ ಆಗ ಸೇರಿದ್ದ ಆ ಪ್ರಾಂತದಲ್ಲಿಯೂ ಧಾನ್ಯದ ಕೊರತೆಯಿತ್ತು. ಬೊಂಬಾಯಿ ನಗರದಲ್ಲಿ 1943ರ ಮೇ ತಿಂಗಳಲ್ಲೇ ಪಡಿತರ ಆರಂಭವಾಯಿತು. ಕಲ್ಕತ್ತೆಗೆ ಅದು ಬಂದದ್ದು 1944ರ ಜನವರಿ ಕೊನೆಗೆ, ಹೆಣಗಳು ಬಿದ್ದ ಮೇಲೆ. ಈ ತಡವನ್ನು ಓದುವಾಗಲೆಲ್ಲ ನನಗೆ ಸಿಟ್ಟು ಬರುತ್ತದೆ.

ನ್ಯಾಯಬೆಲೆ ಅಂಗಡಿಗಳ ತಪಾಸಣೆಗೆ ಹೋಗುತ್ತಿದ್ದ ಕಾಲದಲ್ಲಿ ನಾನು ಗೋಡೆಯ ದರಪಟ್ಟಿಯನ್ನು ಕೊನೆಗೆ ನೋಡುತ್ತಿದ್ದೆ. ಮೊದಲು ದಾಸ್ತಾನು ಪುಸ್ತಕ ತೆಗೆಸಿ ಚೀಲ ಎಣಿಸುತ್ತಿದ್ದೆ, ಆಮೇಲೆ ತಕ್ಕಡಿಯ ತೂಕದ ಕಲ್ಲುಗಳನ್ನು ಪರೀಕ್ಷಿಸುತ್ತಿದ್ದೆ. ಚೀಲವೇ ಇಲ್ಲದ ಕಡೆ ದರ ಎಷ್ಟು ಕಡಿಮೆಯಿದ್ದರೇನು?

ಹಾಗಾಗಿ ನಿಯಂತ್ರಣ ಬೇಕೋ ಬೇಡವೋ ಎಂಬ ಜಗಳಕ್ಕೇ ಇಳಿಯಬೇಡ. ಗೊತ್ತುಮಾಡಿದ ಬೆಲೆಗೆ ಕೊಡಲು ಸರ್ಕಾರದ ಬಳಿ ಎಷ್ಟು ಧಾನ್ಯವಿತ್ತು, ಅದು ಯಾವ ಕಾರ್ಡಿಗೆ ಎಷ್ಟು ತಲುಪಿತು ಎಂದು ಎದುರಾಳಿಯನ್ನು ಕೇಳು. ನಿಯಂತ್ರಣ ತೆಗೆದ ದಿನ ಬಡವರ ಕೈಗೆ ಏನು ಕೊಟ್ಟರು ಎಂದು ನಿನ್ನನ್ನೂ ಕೇಳಿಕೋ. ತಿದ್ದಿದ ಪ್ರತಿಯನ್ನು ಸ್ಪರ್ಧೆಗೆ ಮೊದಲು ಕಳುಹಿಸು, ಓದಿ ಹೇಳುತ್ತೇನೆ.

ಇಂತಿ,
ನಿನ್ನ ದೊಡ್ಡಪ್ಪ